ಆಸ್ಪತ್ರೆಯ ವಿಕಿರಣಶೀಲ ತ್ಯಾಜ್ಯ: ಎಷ್ಟು ದಿನ ಇಡಬೇಕು, ಯಾವಾಗ ಬಿಡಬೇಕು

ನ್ಯೂಕ್ಲಿಯರ್ ಮೆಡಿಸಿನ್ ವಿಭಾಗದಲ್ಲಿ, ಅಂದರೆ ವಿಕಿರಣಶೀಲ ವಸ್ತು ಕೊಟ್ಟು ರೋಗ ಪತ್ತೆ ಮತ್ತು ಚಿಕಿತ್ಸೆ ಮಾಡುವ ಕಡೆ, ಹುಟ್ಟುವ ವಿಕಿರಣಶೀಲ ತ್ಯಾಜ್ಯದ ಬಹುಪಾಲನ್ನು ಎಲ್ಲಿಗೂ ಸಾಗಿಸಬೇಕಿಲ್ಲ, ಎಲ್ಲೂ ಹೂಳಬೇಕಿಲ್ಲ. ಇಟ್ಟು ಕಾಯ್ದರೆ ಅದು ತಾನಾಗಿಯೇ ಸಾಮಾನ್ಯ ಆಸ್ಪತ್ರೆ ತ್ಯಾಜ್ಯವಾಗುತ್ತದೆ. ತೊಡಕು ಬರುವುದು ಕಾಯುವುದರಲ್ಲಲ್ಲ, ಸರಿಯಾಗಿ ಕಾಯ್ದಿದ್ದೇವೆ ಎಂದು ತೋರಿಸಿಕೊಡುವುದರಲ್ಲಿ. ತಪಾಸಣೆಗೆ ಬಂದವರು ಒಂದು ಚೀಲ ಎತ್ತಿ ‘ಇದು ಯಾವ ಐಸೊಟೋಪು, ಯಾವತ್ತು ಕಟ್ಟಿದ್ದು, ಅವತ್ತಿನ ರೀಡಿಂಗ್ ಎಷ್ಟು’ ಎಂದು ಕೇಳುತ್ತಾರೆ. ಆಗ ಉತ್ತರ ಇಲ್ಲದಿದ್ದರೆ ಒಳಗಿರುವುದು ಪೂರ್ತಿ ಕ್ಷಯಿಸಿದ್ದರೂ ಪ್ರಯೋಜನವಿಲ್ಲ. ಹೊಸದಾಗಿ ವಿಭಾಗ ತೆರೆಯುತ್ತಿರುವ ಆಸ್ಪತ್ರೆಯವರಿಗೆ, ವಿಕಿರಣ ಸುರಕ್ಷಾ ಅಧಿಕಾರಿಯಾಗಿ (ಆರ್‌ಎಸ್‌ಒ) ಈಗಷ್ಟೇ ನೇಮಕಗೊಂಡವರಿಗೆ ಮತ್ತು ಅವರ ಜೊತೆ ಕೆಲಸ ಮಾಡುವ ಟೆಕ್ನೀಷಿಯನ್ನರಿಗೆ ಈ ಬರಹ.

ಕಾನೂನು ಎಲ್ಲಿ ಶುರು, ಎಲ್ಲಿ ಮುಗಿಯುತ್ತದೆ

ಇದರ ನಿಯಂತ್ರಣ ಇರುವುದು ಪರಮಾಣು ಶಕ್ತಿ ನಿಯಂತ್ರಣ ಮಂಡಳಿ, ಅಂದರೆ 1983ರ ನವೆಂಬರಿನಲ್ಲಿ ಸ್ಥಾಪನೆಯಾದ ಎಇಆರ್‌ಬಿಯ ಕೈಯಲ್ಲಿ. 1962ರ ಪರಮಾಣು ಶಕ್ತಿ ಕಾಯ್ದೆಯಡಿ ರೂಪುಗೊಂಡ ಎರಡು ನಿಯಮಾವಳಿಗಳು ನಿಮಗೆ ಮುಖ್ಯ: ವಿಕಿರಣಶೀಲ ತ್ಯಾಜ್ಯದ ಸುರಕ್ಷಿತ ವಿಲೇವಾರಿ ಕುರಿತ 1987ರ ನಿಯಮಗಳು ಮತ್ತು ವಿಕಿರಣ ಸಂರಕ್ಷಣೆ ಕುರಿತ 2004ರ ನಿಯಮಗಳು. ಮೊದಲನೆಯದರ ತಿರುಳು ಸರಳ. ಅಧಿಕಾರಪತ್ರ ಇಲ್ಲದೆ ಯಾರೂ ವಿಕಿರಣಶೀಲ ತ್ಯಾಜ್ಯವನ್ನು ವಿಲೇವಾರಿ ಮಾಡುವಂತಿಲ್ಲ. ಪತ್ರ ಪಡೆದವರು ಅದರಲ್ಲಿ ಬರೆದ ಜಾಗದಲ್ಲಿ, ಬರೆದ ವಿಧಾನದಲ್ಲಿ, ಬರೆದ ಪ್ರಮಾಣದಲ್ಲಿ ಮಾತ್ರ ಮಾಡಬೇಕು ಮತ್ತು ಲೆಕ್ಕ ಇಡಬೇಕು. ಅರ್ಜಿ, ಪರವಾನಗಿ, ವಾರ್ಷಿಕ ಸುರಕ್ಷಾ ವರದಿ ಎಲ್ಲವೂ ಈಗ ಮಂಡಳಿಯ ಇ-ಲೋರಾ ಪೋರ್ಟಲಿನಲ್ಲೇ ನಡೆಯುತ್ತವೆ.

ಇನ್ನೊಂದು ಕಡೆ 2016ರ ಜೈವಿಕ ವೈದ್ಯಕೀಯ ತ್ಯಾಜ್ಯ ನಿರ್ವಹಣಾ ನಿಯಮಗಳಿವೆ. ಕರ್ನಾಟಕದಲ್ಲಿ ಅವನ್ನು ಜಾರಿ ಮಾಡುವುದು ರಾಜ್ಯ ಮಾಲಿನ್ಯ ನಿಯಂತ್ರಣ ಮಂಡಳಿ. ವಿಕಿರಣಶೀಲ ತ್ಯಾಜ್ಯ ತಮ್ಮ ವ್ಯಾಪ್ತಿಗೆ ಬರುವುದಿಲ್ಲ ಎಂದು ಆ ನಿಯಮಗಳೇ ಹೇಳುತ್ತವೆ. ಹಾಗಾಗಿ ಒಂದೇ ಸಿರಿಂಜು ಇವತ್ತು ಒಂದು ಕಾನೂನಿನಡಿ, ಮೂರು ದಿನ ಬಿಟ್ಟು ಇನ್ನೊಂದು ಕಾನೂನಿನಡಿ ಬರುತ್ತದೆ. ಈ ಗಡಿ ದಾಟುವ ಕ್ಷಣವನ್ನು ನಿರ್ಧರಿಸಿ, ಅಳೆದು, ಸಹಿ ಹಾಕುವವರು ಆರ್‌ಎಸ್‌ಒ. ರಕ್ತ ಸೋಂಕಿದ ತ್ಯಾಜ್ಯವನ್ನು 48 ಗಂಟೆಗಿಂತ ಹೆಚ್ಚು ಇಟ್ಟುಕೊಳ್ಳಬಾರದು ಎಂಬ ಎರಡನೇ ನಿಯಮಾವಳಿಯ ಷರತ್ತು ನಿಮ್ಮ ಕೋಣೆಯಲ್ಲಿ ತಿಂಗಳುಗಟ್ಟಲೆ ಇರುವ ಚೀಲಕ್ಕೆ ಹೇಗೆ ಅನ್ವಯಿಸುತ್ತದೆ ಎಂದು ಸೋಂಕು ನಿಯಂತ್ರಣ ವಿಭಾಗದವರು ಕೇಳಿಯೇ ಕೇಳುತ್ತಾರೆ. ತೆರವಾಗುವ, ಅಂದರೆ ವಿಕಿರಣ ಉಳಿದಿಲ್ಲ ಎಂದು ಅಳೆದು ಬಿಡುವ ತನಕ, ಆ ಚೀಲ ಜೈವಿಕ ತ್ಯಾಜ್ಯದ ಲೆಕ್ಕಕ್ಕೇ ಬರುವುದಿಲ್ಲ. ಆ ಉತ್ತರ ಆಸ್ಪತ್ರೆಯ ತ್ಯಾಜ್ಯ ನಿರ್ವಹಣಾ ಕೈಪಿಡಿಯಲ್ಲಿ ಬರವಣಿಗೆಯಲ್ಲಿ ಇರಲಿ.

ಒಂದು ಮಾತು ಪಕ್ಕಕ್ಕೆ. ಅಂತರರಾಷ್ಟ್ರೀಯ ಪರಮಾಣು ಶಕ್ತಿ ಸಂಸ್ಥೆಯ 2009ರ ವರ್ಗೀಕರಣದಲ್ಲಿ ಕೆಳಮಟ್ಟದ ತ್ಯಾಜ್ಯ ಒಂದು ವರ್ಗ, ‘ಅತ್ಯಲ್ಪ ಆಯುಷ್ಯದ ತ್ಯಾಜ್ಯ’ ಬೇರೆಯೇ ವರ್ಗ. ಕೈಗಾದಂಥ ಅಣುಸ್ಥಾವರಗಳ ಕೆಳಮಟ್ಟದ ಘನತ್ಯಾಜ್ಯ ಸ್ಥಾವರದ ಆವರಣದಲ್ಲೇ ಇರುವ ಕಾಂಕ್ರೀಟ್ ಕಂದಕಗಳಿಗೆ ಹೋಗುತ್ತದೆ. ಆಸ್ಪತ್ರೆಯದು ಹೆಚ್ಚಾಗಿ ಎರಡನೇ ವರ್ಗದ್ದು. ನಿಮ್ಮಲ್ಲಿ ಕೆಳಮಟ್ಟದ ತ್ಯಾಜ್ಯ ಎಂದು ನಿಜವಾಗಿ ಕರೆಯಬಹುದಾದದ್ದು ಒಂದಿಷ್ಟೇ: ಉಪಕರಣಗಳ ಪರೀಕ್ಷೆಗೆ ಬಳಸುವ ಹಳೆಯ ವಿಕಿರಣ ಮೂಲಗಳು, ದೀರ್ಘಾಯುಷ್ಯದ ಕಲ್ಮಶವಿರುವ ಕೆಲವು ಬಾಟಲಿಗಳು. ಅವನ್ನು ಉಳಿದದ್ದರ ಜೊತೆ ಬೆರೆಸಿದ ಕೂಡಲೇ ಇಡೀ ರಾಶಿಯ ಆಯುಷ್ಯ ಬೆಳೆಯುತ್ತದೆ. ಆದ್ದರಿಂದ ಬೇರ್ಪಡಿಸುವುದರಿಂದಲೇ ಶುರು ಮಾಡೋಣ.

ಬಿನ್ನಿಗೆ ಬೀಳುವ ಮುನ್ನ ಬೇರ್ಪಡಿಸಿ

ಬೇರ್ಪಡಿಸಲು ಅಳತೆಗೋಲು ಅರ್ಧಾಯು, ಅಂದರೆ ವಿಕಿರಣ ಅರ್ಧಕ್ಕಿಳಿಯಲು ಬೇಕಾದ ಸಮಯ. ಇಂಜೆಕ್ಷನ್ ಕೊಡುವ ಕೋಣೆ ಮತ್ತು ಹಾಟ್ ಲ್ಯಾಬಿನಲ್ಲಿ (ವಿಕಿರಣಶೀಲ ಔಷಧಿ ಸಿದ್ಧಪಡಿಸುವ ಕೋಣೆ) ಕಾಲಿನಿಂದ ತೆರೆಯುವ, ಸೀಸ ಹೊದಿಸಿದ ಬಿನ್ನುಗಳು ಬೇಕು. ಒಳಗೆ ಗಟ್ಟಿ ಪಾಲಿಥಿನ್ ಚೀಲ. ಕನಿಷ್ಠ ಮೂರು ಬಿನ್ನು ಇಡಿ.

ಮೊದಲನೆಯದು ಗಂಟೆಗಳ ಲೆಕ್ಕದ್ದು: ಫ್ಲೋರಿನ್-18 (110 ನಿಮಿಷ), ಗ್ಯಾಲಿಯಂ-68 (68 ನಿಮಿಷ), ಟೆಕ್ನೀಷಿಯಂ-99ಎಂ (6 ಗಂಟೆ). ಹತ್ತು ಅರ್ಧಾಯು ಎಂದರೆ ಫ್ಲೋರಿನ್‌ಗೆ 18 ಗಂಟೆ, ಟೆಕ್ನೀಷಿಯಂಗೆ 60 ಗಂಟೆ. ಶುಕ್ರವಾರ ಸಂಜೆ ಕಟ್ಟಿದ ಟೆಕ್ನೀಷಿಯಂ ಚೀಲವನ್ನು ಸೋಮವಾರ ಬೆಳಗ್ಗೆ ಅಳೆಯಬಹುದು. ಎರಡನೆಯದು ದಿನಗಳ ಲೆಕ್ಕದ್ದು, ಮುಖ್ಯವಾಗಿ ಅಯೋಡಿನ್-131 (8 ದಿನ). ಮೂರನೆಯದು ಲುಟೀಷಿಯಂ-177ಕ್ಕೆ ಮಾತ್ರ. ಇದರ ಅರ್ಧಾಯು 6.65 ದಿನ, ಅಯೋಡಿನ್‌ಗಿಂತ ಕಡಿಮೆ. ಹಾಗಿದ್ದೂ ಬೇರೆ ಬಿನ್ನು ಯಾಕೆ ಎಂದರೆ ಕಾರಣ ಐಸೊಟೋಪು ತಯಾರಾಗುವ ರೀತಿಯಲ್ಲಿದೆ. ಟ್ರಾಂಬೆಯ ಧ್ರುವ ರಿಯಾಕ್ಟರಿನಲ್ಲಿ ಲುಟೀಷಿಯಂ ಗುರಿವಸ್ತುವಿಗೇ ನೇರವಾಗಿ ನ್ಯೂಟ್ರಾನ್ ಹೊಡೆಸಿ ಲುಟೀಷಿಯಂ-177 ಮಾಡುವಾಗ ಅತಿ ಚಿಕ್ಕ ಪ್ರಮಾಣದಲ್ಲಿ ಲುಟೀಷಿಯಂ-177ಎಂ ಕೂಡ ಹುಟ್ಟುತ್ತದೆ. ಅದರ ಅರ್ಧಾಯು 160 ದಿನ. ಮೊದಲಿಗೆ ಅದು ನೂರರಲ್ಲಿ 0.01ರಿಂದ 0.02ರಷ್ಟಿದೆ ಎಂದುಕೊಂಡರೆ, ಸುಮಾರು ಮೂರು ತಿಂಗಳಾದ ಮೇಲೆ ಚೀಲದಲ್ಲಿ ಉಳಿದಿರುವ ವಿಕಿರಣದಲ್ಲಿ ಅದರ ಪಾಲೇ ದೊಡ್ಡದು. ಅಲ್ಲಿಂದಾಚೆ ಮೀಟರಿನ ಮುಳ್ಳು ಹೆಚ್ಚುಕಡಿಮೆ ಕದಲುವುದಿಲ್ಲ. ಇದು ಗೊತ್ತಿಲ್ಲದವರು ಮೀಟರೇ ಕೆಟ್ಟಿದೆ ಎಂದುಕೊಳ್ಳುತ್ತಾರೆ. ಲುಟೀಷಿಯಂ ತರಿಸುವಾಗ ಪೂರೈಕೆದಾರರಿಂದ ತಯಾರಿಕಾ ವಿಧಾನ ಮತ್ತು 177ಎಂ ಅಂಶದ ಪ್ರಮಾಣಪತ್ರ ಕೇಳಿ ಪಡೆದು, ಖಾಲಿ ಬಾಟಲಿಗಳನ್ನು ಚೀಲಕ್ಕೆ ಹಾಕದೆ ಪ್ರತ್ಯೇಕ ಡಬ್ಬಿಯಲ್ಲಿಡಿ. ಕಲ್ಮಶ ಹೆಚ್ಚು ಉಳಿಯುವುದು ಬಾಟಲಿಯಲ್ಲೇ. ಕೈಗವಸು, ಹತ್ತಿಗಳಲ್ಲಿ ಕಡಿಮೆ.

ಯಕೃತ್ತಿನ ಗಡ್ಡೆಗೆ ಕೊಡುವ ಯಿಟ್ರಿಯಂ-90 ಗಾಜಿನ ಕಣಗಳಲ್ಲೂ ಇದೇ ಬಗೆಯ ತೊಡಕಿದೆ. ಯಿಟ್ರಿಯಂನ ಅರ್ಧಾಯು 64 ಗಂಟೆಯೇ ಆದರೂ ಗಾಜಿನೊಳಗೆ ಯುರೋಪಿಯಂ-152ರಂಥ ವರ್ಷಗಟ್ಟಲೆ ಬಾಳುವ ಕಲ್ಮಶ ಇರಬಹುದು. ರಕ್ತಪರೀಕ್ಷೆಯ ಆರ್‌ಐಎ (ರೇಡಿಯೋ ಇಮ್ಯುನೊ ಅಸ್ಸೇ) ಲ್ಯಾಬ್ ಇನ್ನೂ ಇದ್ದರೆ ಅಯೋಡಿನ್-125ಕ್ಕೆ (59 ದಿನ) ನಾಲ್ಕನೇ ಬಿನ್ನು ಬೇಕು. ಹತ್ತು ಅರ್ಧಾಯು ಅಂದರೆ ಒಂದೂವರೆ ವರ್ಷಕ್ಕೂ ಹೆಚ್ಚು.

ಬಿನ್ನಿನ ಸೀಸದ ದಪ್ಪವನ್ನು ಮಾರುವವರ ಮಾತಿನ ಮೇಲೆ ತೀರ್ಮಾನಿಸಬೇಡಿ. ಟೆಕ್ನೀಷಿಯಂನ ಗಾಮಾವನ್ನು ಅರ್ಧಕ್ಕಿಳಿಸಲು 0.3 ಮಿ.ಮೀ. ಸೀಸ ಸಾಕು, ಅಯೋಡಿನ್-131ಕ್ಕೆ ಸುಮಾರು 3 ಮಿ.ಮೀ. ಬೇಕು, ಫ್ಲೋರಿನ್-18ಕ್ಕೆ ಅದಕ್ಕಿಂತ ಹೆಚ್ಚು. ಅಂದರೆ ಟೆಕ್ನೀಷಿಯಂಗೆ ಧಾರಾಳವಾದ 3 ಮಿ.ಮೀ. ಬಿನ್ನು ಅಯೋಡಿನ್‌ಗೆ ಅರ್ಧ ರಕ್ಷಣೆಯನ್ನಷ್ಟೇ ಕೊಡುತ್ತದೆ. ಯಿಟ್ರಿಯಂ-90 ಬೀಟಾ ಹೊರಸೂಸುವಂಥದ್ದು. ಅದಕ್ಕೆ ಮೊದಲ ಪದರ ಒಂದು ಸೆಂಟಿಮೀಟರಿನಷ್ಟು ಅಕ್ರಿಲಿಕ್ ಇರಲಿ. ಬರೀ ಸೀಸವಿದ್ದರೆ ಬೀಟಾ ಕಣಗಳು ಅದರಲ್ಲಿ ತಡೆದು ನಿಂತು ಎಕ್ಸ್-ರೇ ಹುಟ್ಟಿಸುತ್ತವೆ.

ಸೂಜಿಗಳು ಮೊದಲಿನಿಂದಲೇ ಚುಚ್ಚಿದರೆ ತೂತಾಗದ ಡಬ್ಬಿಗೆ ಹೋಗಬೇಕು. ಇದನ್ನು ಮುಂದೂಡಿದರೆ ಕ್ಷಯಿಸಿದ ಚೀಲವನ್ನು ಮೂರು ತಿಂಗಳ ನಂತರ ಬಿಚ್ಚಿ ಸೂಜಿ ಆರಿಸುವ ಕೆಲಸ ಯಾರದೋ ಪಾಲಿಗೆ ಬೀಳುತ್ತದೆ. ಹಾಗೆಯೇ ಜೈವಿಕ ತ್ಯಾಜ್ಯದ ಹಳದಿ, ಕೆಂಪು, ನೀಲಿ ವರ್ಗಗಳಿಗೆ ಸೇರುವ ವಸ್ತುಗಳನ್ನು ವಿಕಿರಣದ ಬಿನ್ನಿನೊಳಗೂ ಬೇರೆ ಬೇರೆ ಒಳಚೀಲಗಳಲ್ಲಿ ಹಾಕಿಸಿ. ಸೂಜಿ ತೆಗೆದ ಸಿರಿಂಜು ಮತ್ತು ಐವಿ ಕೊಳವೆ ಒಂದರಲ್ಲಿ, ಗಾಜಿನ ಬಾಟಲಿ ಇನ್ನೊಂದರಲ್ಲಿ, ರಕ್ತದ ಹತ್ತಿ ಮತ್ತೊಂದರಲ್ಲಿ. ತೆರವಾದ ದಿನ ಹಾಗೇ ಎತ್ತಿ ಆಯಾ ಬಣ್ಣದ ಚೀಲಕ್ಕೆ ಇಳಿಸಿದರಾಯಿತು.

ಚೀಲ ಕಟ್ಟಿದ ದಿನವೇ ಗಡಿಯಾರ ಶುರು

ಚೀಲ ಬಾಯಿ ಕಟ್ಟಿದ ದಿನದಿಂದ ಎಣಿಕೆ ಶುರು. ಮೊದಲ ವಸ್ತು ಹಾಕಿದ ದಿನದಿಂದ ಅಲ್ಲ. ಎರಡು ವಾರ ತೆರೆದೇ ಇದ್ದ ಚೀಲಕ್ಕೆ ಕೊನೆಯ ದಿನ ಬಿದ್ದ ಕೈಗವಸಿಗೆ ವಯಸ್ಸು ಒಂದೇ ದಿನ. ಲೇಬಲ್ಲಿನಲ್ಲಿ ಇಷ್ಟಿರಲಿ: ಚೀಲದ ಕ್ರಮಸಂಖ್ಯೆ, ಐಸೊಟೋಪು, ಕಟ್ಟಿದ ದಿನಾಂಕ, ಮೇಲ್ಮೈ ರೀಡಿಂಗ್, ಅಂದಾಜು ತೆರವಿನ ದಿನಾಂಕ, ಕಟ್ಟಿದವರ ಸಹಿ. ಲೇಬಲ್ಲಿಗೆ ಬಾಲ್‌ಪೆನ್ ಸಾಲದು, ಪರ್ಮನೆಂಟ್ ಮಾರ್ಕರ್ ಬೇಕು. ತೇವದ ಕೋಣೆಯಲ್ಲಿ ಮೂರು ತಿಂಗಳಿಗೆ ಬಾಲ್‌ಪೆನ್ನಿನ ಬರಹ ಮಾಯವಾಗಿರುತ್ತದೆ. ಇದೇ ವಿವರ ಅದೇ ದಿನ ರಿಜಿಸ್ಟರಿನಲ್ಲೂ ಇರಬೇಕು.

ದಾಸ್ತಾನು ಕೋಣೆಗೆ ಬೀಗ, ವಿಕಿರಣ ಚಿಹ್ನೆ, ತೊಳೆಯಬಹುದಾದ ನೆಲ, ಗಾಳಿ ಹೊರಗೆಳೆಯುವ ಫ್ಯಾನು ಬೇಕು. ಅಯೋಡಿನ್ ಗಾಳಿಗೆ ಆವಿಯಾಗುವ ಸ್ವಭಾವದ್ದು. ಅದರ ದ್ರವ ಉಳಿಕೆಯ ಬಾಟಲಿಗಳು ಇದ್ದಿಲು ಫಿಲ್ಟರಿರುವ ಫ್ಯೂಮ್ ಹುಡ್‌ನೊಳಗೇ ಇರಲಿ. ಕಪಾಟನ್ನು ತಿಂಗಳವಾರು ಭಾಗ ಮಾಡಿದರೆ ಹೊಸ ಚೀಲ ಹಳೆಯದರ ಮೇಲೆ ಕೂರುವುದಿಲ್ಲ. ಇಲಿ ಬರದಂತೆ ಬಾಗಿಲ ಕೆಳಗಿನ ಸಂದಿಗೆ ಲೋಹದ ಪಟ್ಟಿ ಹೊಡೆಸಿ. ಇದು ತಮಾಷೆಯ ಮಾತಲ್ಲ. ಅಯೋಡಿನ್ ವಾರ್ಡಿನಿಂದ ಬರುವ ಚೀಲದಲ್ಲಿ ರೋಗಿ ಉಂಡು ಬಿಟ್ಟ ಅನ್ನ, ಬಾಳೆಹಣ್ಣಿನ ಸಿಪ್ಪೆ ಇರುತ್ತದೆ, ಅದಕ್ಕೆ ರೋಗಿಯ ಜೊಲ್ಲಿನ ಅಯೋಡಿನ್ ಹತ್ತಿರುತ್ತದೆ. ಇಲಿ ಚೀಲ ಹರಿದರೆ ಕೋಣೆಯ ನೆಲವೆಲ್ಲ ವಿಕಿರಣದ ಸೋಂಕು. ಉಳಿದ ಆಹಾರವನ್ನು ಬೇರೆ ಚೀಲದಲ್ಲಿ ಕಟ್ಟಿ ಅದಕ್ಕೆಂದೇ ಇಟ್ಟ ಡೀಪ್ ಫ್ರೀಜರಿನಲ್ಲಿ ಹಾಕುವುದು ಒಳ್ಳೆಯದು. ವಾಸನೆಯೂ ಬರುವುದಿಲ್ಲ.

‘ಹತ್ತು ಅರ್ಧಾಯು’ ಎಲ್ಲಿ ಕೈಕೊಡುತ್ತದೆ

ಹತ್ತು ಅರ್ಧಾಯುವಿಗೆ ಪ್ರಮಾಣ 1,024ರಲ್ಲಿ ಒಂದು ಭಾಗಕ್ಕೆ ಇಳಿಯುತ್ತದೆ. ಅಯೋಡಿನ್‌ಗೆ ಇದು 80 ದಿನ. ಆದರೆ ಸಾವಿರದಲ್ಲಿ ಒಂದು ಎಂಬುದು ಶುರುವಿನಲ್ಲಿ ಎಷ್ಟಿತ್ತು ಎಂಬುದರ ಮೇಲೆ ನಿಂತಿದೆ. ಚೀಲದಲ್ಲಿ ಒಂದು ಮಿಲಿಕ್ಯೂರಿ (ವಿಕಿರಣಶೀಲತೆಯ ಅಳತೆ; 37 ಮೆಗಾಬೆಕೆರೆಲ್) ಉಳಿಕೆ ಇದ್ದ ಬಾಟಲಿ ಬಿದ್ದಿದೆ ಎನ್ನೋಣ. 80 ದಿನದ ಮೇಲೆ ಅದರಲ್ಲಿ ಸುಮಾರು 36 ಕಿಲೋಬೆಕೆರೆಲ್ ಇರುತ್ತದೆ. ಅದರಿಂದ 5 ಸೆಂ.ಮೀ. ದೂರದಲ್ಲಿ ಮೀಟರು ಹಿಡಿದರೆ ಹಿನ್ನೆಲೆಯ (ಸುತ್ತಲಿನ ಸಹಜ ವಿಕಿರಣದ) ಮೇಲೆ ಗಂಟೆಗೆ ಸುಮಾರು 0.85 ಮೈಕ್ರೋಸೀವರ್ಟ್ ತೋರಿಸುತ್ತದೆ, ಹಿನ್ನೆಲೆ 0.1ರ ಆಸುಪಾಸಿನಲ್ಲಿದ್ದರೆ ಇದು ಎಂಟು ಪಟ್ಟಿಗಿಂತ ಹೆಚ್ಚು. ಇನ್ನೂ ನಾಲ್ಕು ಅರ್ಧಾಯು, ಅಂದರೆ 32 ದಿನ ಬೇಕು. ಇತ್ತ ಹತ್ತನೇ ಒಂದು ಮಿಲಿಕ್ಯೂರಿ ಸೋಂಕಿದ ಕೈಗವಸುಗಳ ಚೀಲ 56 ದಿನಕ್ಕೇ 36 ಕಿಲೋಬೆಕೆರೆಲ್‌ಗಿಂತ ಕೆಳಗಿಳಿಯುತ್ತದೆ. ಹಾಗಾಗಿ ಹತ್ತು ಅರ್ಧಾಯು ಎಂಬುದು ಮೀಟರು ಹಿಡಿದು ನೋಡುವ ದಿನ. ಚೀಲ ಬಿಡಬೇಕೋ ಬೇಡವೋ ಎಂಬುದನ್ನು ಹೇಳುವುದು ಆ ದಿನದ ರೀಡಿಂಗ್.

ತೆರವಿನ ಅಳತೆಯನ್ನು ಈ ಕ್ರಮದಲ್ಲಿ ಮಾಡಿ:

1. ಕ್ಯಾಲಿಬ್ರೇಷನ್ ಅವಧಿ ಮೀರದ ಮೀಟರು ತೆಗೆದುಕೊಳ್ಳಿ. ಬ್ಯಾಟರಿ ನೋಡಿ, ಚೆಕ್ ಸೋರ್ಸಿಗೆ (ಪರೀಕ್ಷೆಗೆಂದೇ ಇಟ್ಟ ಚಿಕ್ಕ ವಿಕಿರಣ ಮೂಲ) ಸರಿಯಾಗಿ ಸ್ಪಂದಿಸುತ್ತದೆಯೇ ನೋಡಿ. ಅಯೋಡಿನ್-125ರ ಮಂದ ಗಾಮಾವನ್ನು ಸಾಮಾನ್ಯ ಜಿಎಂ (ಗೈಗರ್-ಮುಲ್ಲರ್) ಮೀಟರು ಸರಿಯಾಗಿ ಕಾಣುವುದಿಲ್ಲ; ತೆಳು ಸೋಡಿಯಂ ಅಯೊಡೈಡ್ ಪ್ರೋಬ್ ಬೇಕು.

2. ದಾಸ್ತಾನು ಕೋಣೆಯಿಂದ ದೂರ, ರೋಗಿಗಳು ಓಡಾಡದ ಜಾಗದಲ್ಲಿ ಹಿನ್ನೆಲೆ ಅಳೆಯಿರಿ. ಪ್ರತಿ ಸಲವೂ ಅಳೆಯಿರಿ, ಹಿಂದಿನ ತಿಂಗಳ ಅಂಕಿ ನಕಲು ಮಾಡಬೇಡಿ. ಗ್ರಾನೈಟ್ ಹಾಸಿದ ನೆಲದ ಮೇಲೆ, ಹೊರಗಿನ ಮಣ್ಣಿನ ಮೇಲೆ ಬೇರೆ ಬೇರೆ ಅಂಕಿ ಬರುತ್ತದೆ. ಮಂಗಳೂರಿನ ಉಳ್ಳಾಲದ ಕಡೆ ಕಡಲತೀರದ ಮೊನಜೈಟ್ ಮರಳಿನಿಂದಾಗಿ ಸಹಜ ವಿಕಿರಣವೇ ಹೆಚ್ಚು. ಬೇರೆ ಊರಿನ ಅಂಕಿ ಅಲ್ಲಿ ಉಪಯೋಗಕ್ಕೆ ಬರುವುದಿಲ್ಲ.

3. ಚೀಲವನ್ನು ಸೀಸದ ಬಿನ್ನಿನಿಂದ ಹೊರತೆಗೆದು, ಒಂದೊಂದಾಗಿ, ಅದೇ ಹಿನ್ನೆಲೆ ಜಾಗಕ್ಕೆ ತಂದು ಅಳೆಯಿರಿ. ನಾಲ್ಕೂ ಬದಿ, ತಳ, ಬಾಯಿ. ಪ್ರೋಬನ್ನು ಚೀಲಕ್ಕೆ ತಾಗಿಸದೆ ಹತ್ತಿರ ಹಿಡಿದು ನಿಧಾನವಾಗಿ ಆಡಿಸಿ.

4. ಹಿನ್ನೆಲೆಗೂ ಚೀಲಕ್ಕೂ ವ್ಯತ್ಯಾಸ ಕಾಣದಿದ್ದರೆ ವಿಕಿರಣ ಚಿಹ್ನೆ ಇರುವ ಪ್ರತಿ ಲೇಬಲನ್ನೂ ಕಿತ್ತುಹಾಕಿ ಅಥವಾ ಮಸಿ ಬಳಿಯಿರಿ. ಒಳಗಿನ ಬಾಟಲಿಗಳ ಲೇಬಲ್ಲುಗಳನ್ನು ಇಲ್ಲಿ ಮರೆಯುವವರೇ ಹೆಚ್ಚು.

5. ರಿಜಿಸ್ಟರಿನಲ್ಲಿ ಹಿನ್ನೆಲೆ, ಚೀಲದ ರೀಡಿಂಗ್, ಮೀಟರಿನ ಸೀರಿಯಲ್ ನಂಬರು, ದಿನಾಂಕ ಬರೆದು ಆರ್‌ಎಸ್‌ಒ ಸಹಿ ಹಾಕಬೇಕು. ಆಮೇಲಷ್ಟೇ ಬಣ್ಣದ ಚೀಲ, ಬಾರ್‌ಕೋಡು, ಜೈವಿಕ ತ್ಯಾಜ್ಯದ ಗಾಡಿ.

ನಾಲ್ಕನೆಯ ಹಂತ ತಪ್ಪಿದರೆ ಆಗುವುದಿಷ್ಟು. ಸಾಮೂಹಿಕ ಸಂಸ್ಕರಣಾ ಘಟಕದಲ್ಲಿ ಯಾರೋ ಹಳದಿ-ಕಪ್ಪು ಚಿಹ್ನೆ ನೋಡುತ್ತಾರೆ, ಕೆಲಸ ನಿಲ್ಲಿಸುತ್ತಾರೆ, ಫೋನು ನೇರ ಪೊಲೀಸರಿಗೆ ಹೋಗುತ್ತದೆ. ಒಳಗೆ ಏನೂ ಇಲ್ಲದಿದ್ದರೂ ನಿಮ್ಮ ಆಸ್ಪತ್ರೆ ಒಂದು ವಾರ ಕಾಗದ ತೋರಿಸುತ್ತಾ ಕೂರುತ್ತದೆ. ಮೂರನೆಯದು ತಪ್ಪುವುದು ಸೋಮಾರಿತನದಿಂದ: ಕೋಣೆಯೊಳಗೇ ನಿಂತು ಅಳೆದರೆ ಪಕ್ಕದ ಚೀಲಗಳ ವಿಕಿರಣ ಸೇರಿ ಹಳೆಯ ಚೀಲಗಳು ಎಂದೂ ತೆರವಾಗುವುದಿಲ್ಲ, ಕೋಣೆ ತುಂಬುತ್ತದೆ, ಕೋಣೆ ತುಂಬಿದಾಗ ಅವಸರದಲ್ಲಿ ತಪ್ಪು ಚೀಲ ಹೊರಗೆ ಹೋಗುತ್ತದೆ.

ಡಿಲೇ ಟ್ಯಾಂಕು: ಲೆಕ್ಕ ಹಾಕಿ ಕಟ್ಟಿ

ಥೈರಾಯ್ಡ್ ಕ್ಯಾನ್ಸರಿಗೆ ಅಯೋಡಿನ್-131 ಕೊಡುವ ಆಸ್ಪತ್ರೆಗೆ ಪ್ರತ್ಯೇಕ ವಾರ್ಡು ಮತ್ತು ಅದರ ಶೌಚದ ನೀರನ್ನು ಕ್ಷಯಿಸುವ ತನಕ ಹಿಡಿದಿಡುವ ಡಿಲೇ ಟ್ಯಾಂಕು ಬೇಕು. ರೋಗಿಯಿಂದ ಒಂದು ಮೀಟರು ದೂರದಲ್ಲಿ ಗಂಟೆಗೆ 50 ಮೈಕ್ರೋಸೀವರ್ಟಿಗಿಂತ ಕೆಳಗಿಳಿಯುವ ತನಕ, ಅಂದರೆ ದೇಹದಲ್ಲಿ ಸುಮಾರು 30 ಮಿಲಿಕ್ಯೂರಿ ಉಳಿಯುವ ತನಕ, ಅವರು ವಾರ್ಡಿನಲ್ಲೇ ಇರುತ್ತಾರೆ. ಕೊಟ್ಟ ಡೋಸಿನ ಬಹುಪಾಲು ಮೊದಲ ಎರಡು ದಿನದ ಮೂತ್ರದಲ್ಲೇ ಹೊರಬರುತ್ತದೆ. ಆ ಶೌಚಾಲಯದ ನೀರು ನೇರ ಚರಂಡಿಗೆ ಹೋಗುವಂತಿಲ್ಲ.

ಒಂದು ಮಾದರಿ ಲೆಕ್ಕ ನೋಡಿ. ಎರಡು ಹಾಸಿಗೆ, ವಾರಕ್ಕೆ ಇಬ್ಬರು ರೋಗಿಗಳು, ಒಬ್ಬೊಬ್ಬರಿಗೆ 100 ಮಿಲಿಕ್ಯೂರಿ (3.7 ಗಿಗಾಬೆಕೆರೆಲ್), ಮೂರು ದಿನದ ವಾಸ, ದಿನಕ್ಕೆ ತಲಾ 150 ಲೀಟರು ನೀರು. ಸುರಕ್ಷತೆಗಾಗಿ ಕೊಟ್ಟದ್ದೆಲ್ಲ ಟ್ಯಾಂಕಿಗೆ ಬರುತ್ತದೆ ಎಂದಿಟ್ಟುಕೊಳ್ಳಿ. ವಾರಕ್ಕೆ 900 ಲೀಟರು ಮತ್ತು 7.4 ಗಿಗಾಬೆಕೆರೆಲ್. 6,000 ಲೀಟರಿನ ಟ್ಯಾಂಕನ್ನು 5,400ಕ್ಕೆ ನಿಲ್ಲಿಸಿದರೆ ತುಂಬಲು ಆರು ವಾರ. ಆ ಆರು ವಾರಗಳಲ್ಲಿ ಮೊದಲು ಬಂದದ್ದು ಕ್ಷಯಿಸುತ್ತಲೇ ಇರುತ್ತದೆ. ವಾರದಿಂದ ವಾರಕ್ಕೆ ಉಳಿಯುವುದು 0.546 ಭಾಗ. ಕೂಡಿಸಿದರೆ ಬಾಯಿ ಮುಚ್ಚುವ ದಿನ ಟ್ಯಾಂಕಿನಲ್ಲಿ ಸುಮಾರು 15.9 ಗಿಗಾಬೆಕೆರೆಲ್, ಅಂದರೆ ಘನ ಮೀಟರಿಗೆ 2,940 ಮೆಗಾಬೆಕೆರೆಲ್. ಒಳಚರಂಡಿಗೆ ಬಿಡಲು ನಮ್ಮಲ್ಲಿ ವಿನ್ಯಾಸಕ್ಕೆ ಬಳಸುವ ಸಾಂದ್ರತೆಯ ಮಿತಿ ಘನ ಮೀಟರಿಗೆ 22.2 ಮೆಗಾಬೆಕೆರೆಲ್. 132 ಪಟ್ಟು ಇಳಿಯಬೇಕು. ಅದಕ್ಕೆ ಏಳು ಅರ್ಧಾಯು, ಸುಮಾರು 57 ದಿನ.

ಈಗ ಎರಡೇ ಟ್ಯಾಂಕು ಇದ್ದರೆ? ಮೊದಲನೆಯದು 57 ದಿನ ಕಾಯಬೇಕು, ಎರಡನೆಯದು 42 ದಿನಕ್ಕೇ ತುಂಬುತ್ತದೆ. ಹದಿನೈದು ದಿನ ವಾರ್ಡು ಮುಚ್ಚಬೇಕು. ಮೂರನೇ ಟ್ಯಾಂಕು ಇದ್ದರೆ ಕಾಯಲು 84 ದಿನ ಸಿಗುತ್ತದೆ, ಸಾಂದ್ರತೆ 2 ಮೆಗಾಬೆಕೆರೆಲ್‌ಗೆ ಇಳಿಯುತ್ತದೆ. ಸಾಂದ್ರತೆಯ ಜೊತೆಗೆ ಒಟ್ಟು ಪ್ರಮಾಣಕ್ಕೂ ಅಧಿಕಾರಪತ್ರದಲ್ಲಿ ಮಿತಿ ಇರುವುದರಿಂದ ಈ ಹೆಚ್ಚಿನ ಸಮಯ ದುಂದಲ್ಲ.

ಈ ಲೆಕ್ಕದಲ್ಲಿ ಆಡಳಿತದವರಿಗೆ ಹೇಳಲೇಬೇಕಾದ ಒಂದು ಸಂಗತಿ ಇದೆ. ರೋಗಿಗಳ ಸಂಖ್ಯೆ ಅದೇ ಇದ್ದು ಡೋಸು ಇಮ್ಮಡಿಯಾದರೆ ಕಾಯುವ ಸಮಯ ಒಂದು ಅರ್ಧಾಯು, ಎಂಟೇ ದಿನ ಹೆಚ್ಚುತ್ತದೆ. ನೀರು ಇಮ್ಮಡಿಯಾದರೆ ಟ್ಯಾಂಕು ಮೂರೇ ವಾರಕ್ಕೆ ತುಂಬುತ್ತದೆ. ಸಾಂದ್ರತೆ 2,530ರಷ್ಟೇ ಇರುತ್ತದೆ, ಕಾಯಲು 55 ದಿನ ಬೇಕು, ಮೂರು ಟ್ಯಾಂಕಿದ್ದರೂ ಸಿಗುವುದು 42. ಅಂದರೆ ವ್ಯವಸ್ಥೆಯನ್ನು ಕೆಡಿಸುವುದು ಅಯೋಡಿನ್‌ಗಿಂತ ನೀರು. ಸೋರುವ ಫ್ಲಶ್ಶು, ತೆರೆದಿಟ್ಟ ನಲ್ಲಿ, ಹೌಸ್‌ಕೀಪಿಂಗಿನವರು ಬಕೆಟ್ಟುಗಟ್ಟಲೆ ಸುರಿದು ತೊಳೆಯುವುದು, ಇವು ಶತ್ರುಗಳು. ಕಡಿಮೆ ನೀರಿನ ಫ್ಲಶ್ ಹಾಕಿಸಿ, ಆ ವಾರ್ಡಿನ ನೀರಿನ ಲೈನಿಗೆ ಪ್ರತ್ಯೇಕ ಮೀಟರು ಕೂರಿಸಿ, ಮಟ್ಟವನ್ನು ದಿನವೂ ಬರೆಯಿರಿ. ವಾರ್ಡಿನ ಒಗೆಯುವ ಬಟ್ಟೆ ಟ್ಯಾಂಕಿನ ಲೈನಿಗೆ ಬೇಡ. ಹಾಸಿಗೆ ಬಟ್ಟೆಯನ್ನು ಕಟ್ಟಿಟ್ಟು, ಕ್ಷಯಿಸಿದ ಮೇಲೆ ಅಳೆದು ಲಾಂಡ್ರಿಗೆ ಕಳಿಸಿ.

ಕಟ್ಟುವಾಗ ಗಮನಿಸಬೇಕಾದದ್ದು: ವಾರ್ಡಿನಿಂದ ಟ್ಯಾಂಕಿಗೆ ಹೋಗುವ ಪೈಪು ಆದಷ್ಟು ನೇರ, ಆದಷ್ಟು ಕಡಿಮೆ ಜೋಡಣೆ, ಸಾಕಷ್ಟು ಇಳಿಜಾರು, ಸೀಲಿಂಗಿನ ಮೇಲೆ ಹಾದುಹೋದರೆ ಕೆಳಗಿನ ಕೋಣೆಯಲ್ಲಿ ಯಾರು ಎಷ್ಟು ಹೊತ್ತು ಕೂರುತ್ತಾರೆ ನೋಡಿ. ಟ್ಯಾಂಕು ಸೋರದ ಒಳಲೇಪನದ ಕಾಂಕ್ರೀಟಿನದು ಅಥವಾ ಸ್ಟೇನ್‌ಲೆಸ್ ಸ್ಟೀಲಿನದು, ಕೆಳಗೆ ಸೋರಿಕೆ ಹಿಡಿಯುವ ಗುಂಡಿ. ಪಂಪು ಎರಡು, ಒಂದು ಕೆಟ್ಟರೆ ಇನ್ನೊಂದು. ಮಟ್ಟ ತೋರಿಸುವ ಫ್ಲೋಟ್ ಸ್ವಿಚ್ಚು ಕೊಚ್ಚೆ ಹಿಡಿದು ಸಿಕ್ಕಿಕೊಳ್ಳುತ್ತದೆ; ಅದೊಂದನ್ನೇ ನಂಬದೆ ಬೇರೆ ತತ್ವದ ಸೆನ್ಸರನ್ನೂ, ಉಕ್ಕಿದರೆ ಪಕ್ಕದ ಟ್ಯಾಂಕಿಗೆ ಹರಿಯುವ ದಾರಿಯನ್ನೂ ಇಡಿ. ಟ್ಯಾಂಕಿನ ಗಾಳಿಕೊಳವೆ ಮಹಡಿಯ ಮೇಲಕ್ಕೆ ಹೋಗಲಿ. ಟಿಶ್ಯೂ, ಸ್ಯಾನಿಟರಿ ಪ್ಯಾಡು ಶೌಚಕ್ಕೆ ಹಾಕಬಾರದೆಂದು ಕನ್ನಡದಲ್ಲೂ ರೋಗಿಗೆ ಗೊತ್ತಿರುವ ಇತರ ಭಾಷೆಯಲ್ಲೂ ಬೋರ್ಡು ಹಾಕಿ; ವಿಕಿರಣವಿರುವ ಪೈಪಿನಲ್ಲಿ ಕಟ್ಟಿಕೊಂಡದ್ದನ್ನು ತೆಗೆಯುವ ಕೆಲಸಕ್ಕೆ ಯಾವ ಪ್ಲಂಬರೂ ಒಪ್ಪುವುದಿಲ್ಲ, ಒಪ್ಪಿಸಲೂಬಾರದು.

ಬೆಂಗಳೂರಿನ ದೊಡ್ಡ ಆಸ್ಪತ್ರೆಗಳಿಗೆ ತಮ್ಮದೇ ಎಸ್‌ಟಿಪಿ (ಕೊಳಚೆ ನೀರು ಸಂಸ್ಕರಣಾ ಘಟಕ) ಇರುತ್ತದೆ, ಸಂಸ್ಕರಿಸಿದ ನೀರು ತೋಟಕ್ಕೋ ಫ್ಲಶ್ಶಿಗೋ ಮರಳುತ್ತದೆ. ಎಸ್‌ಟಿಪಿ ಅಯೋಡಿನ್ ಅನ್ನು ನಾಶಮಾಡುವುದಿಲ್ಲ; ಒಂದಿಷ್ಟು ಅದರ ಕೆಸರಿಗೆ ಅಂಟಿಕೊಳ್ಳುತ್ತದೆ. ಹಾಗಾಗಿ ಡಿಲೇ ಟ್ಯಾಂಕು ಎಸ್‌ಟಿಪಿಗಿಂತ ಮೊದಲೇ ಬರಬೇಕು. ಹೊರರೋಗಿಗಳ ಶೌಚಾಲಯದಿಂದ ಬರುವ ಟೆಕ್ನೀಷಿಯಂ, ಅಯೋಡಿನ್ ಕೂಡ ಅಲ್ಲಿಗೇ ಸೇರುವುದರಿಂದ ಕೆಸರು ಸಾಗಿಸುವ ಮುನ್ನ ಒಮ್ಮೆ ಅಳೆಯುವ ರೂಢಿ ಇರಲಿ.

ಬಿಡುವ ದಿನ ಮಾದರಿ ತೆಗೆಯುವ ಮುನ್ನ ಪಂಪಿನಿಂದ ನೀರನ್ನು ಒಳಗೇ ಸುತ್ತಿಸಿ ಕಲಕಿ. ಮೇಲಿನ ತಿಳಿಯನ್ನಷ್ಟೇ ತೆಗೆದರೆ ತಳದ ಗಷ್ಟು ಲೆಕ್ಕಕ್ಕೆ ಬರುವುದಿಲ್ಲ. ಡೋಸ್ ಕ್ಯಾಲಿಬ್ರೇಟರಿನಲ್ಲಿ ಮಾದರಿ ಇಟ್ಟು ‘ಸೊನ್ನೆ ಬಂತು’ ಎನ್ನುವುದು ಬಹಳ ಕಡೆ ಕಾಣುವ ತಪ್ಪು. ಮಿತಿಯ 22.2 ಮೆಗಾಬೆಕೆರೆಲ್ ಎಂದರೆ ಮಿಲಿಲೀಟರಿಗೆ 22.2 ಬೆಕೆರೆಲ್, 10 ಮಿಲಿಲೀಟರಿನಲ್ಲಿ 222 ಬೆಕೆರೆಲ್. ಮೆಗಾಬೆಕೆರೆಲ್‌ಗಳನ್ನು ಅಳೆಯಲೆಂದು ಮಾಡಿದ ಆ ಯಂತ್ರ ಇದನ್ನು ಕಾಣುವುದೇ ಇಲ್ಲ, ಮಿತಿಯ ನೂರು ಪಟ್ಟು ಇದ್ದರೂ ಕಾಣುವುದು ಅನುಮಾನ. ಅತಿ ಕಡಿಮೆ ವಿಕಿರಣವನ್ನೂ ಎಣಿಸುವ ವೆಲ್ ಕೌಂಟರು ಬಳಸಿ. ಅದೇ ಅಳತೆಯ ಟ್ಯೂಬಿನಲ್ಲಿ ಗೊತ್ತಿರುವ ಅಯೋಡಿನ್ ಹಾಕಿ ಅದರ ದಕ್ಷತೆಯನ್ನು ಮೊದಲೇ ಕಂಡುಕೊಂಡಿರಿ. ಫಲಿತಾಂಶ, ಬಿಟ್ಟ ಪ್ರಮಾಣ, ಕವಾಟ ತೆರೆದ ಮತ್ತು ಮುಚ್ಚಿದ ಸಮಯ ರಿಜಿಸ್ಟರಿಗೆ. ಕವಾಟಕ್ಕೆ ಬೀಗ, ಕೀಲಿ ಆರ್‌ಎಸ್‌ಒ ಬಳಿ.

ಕಾಯ್ದರೂ ತೀರದವು

ಕ್ಯಾಲಿಬ್ರೇಷನ್ನಿಗೆ ಬಳಸುವ ಸೀಸಿಯಂ-137 (30 ವರ್ಷ), ಕೋಬಾಲ್ಟ್-57 (272 ದಿನ) ಮೂಲಗಳು, ಗ್ಯಾಲಿಯಂ ಹುಟ್ಟಿಸಿಕೊಡುವ ಜನರೇಟರಿನೊಳಗಿನ ಜರ್ಮೇನಿಯಂ-68 (271 ದಿನ), ಇವನ್ನು ಇಟ್ಟು ಕಾಯುವ ಯೋಚನೆ ಬೇಡ. ಖರೀದಿ ಆದೇಶದಲ್ಲೇ ‘ಬಳಕೆ ಮುಗಿದ ಮೇಲೆ ಪೂರೈಕೆದಾರರು ಹಿಂಪಡೆಯಬೇಕು’ ಎಂಬ ಷರತ್ತು ಬರೆಸಿ. ಮಾಲು ಬಂದ ಮೇಲೆ ಕೇಳಿದರೆ ಯಾರೂ ಒಪ್ಪುವುದಿಲ್ಲ. ಹಿಂಪಡೆಯುವವರಿಲ್ಲದ ಹಳೆಯ ಮೂಲಕ್ಕೆ ಎಇಆರ್‌ಬಿ ಒಪ್ಪಿಗೆ ಪಡೆದು, ಅದು ಸೂಚಿಸುವ ಅಧಿಕೃತ ತ್ಯಾಜ್ಯ ನಿರ್ವಹಣಾ ಕೇಂದ್ರಕ್ಕೆ, ಸಾಗಣೆ ನಿಯಮದ ಪ್ಯಾಕೇಜಿನಲ್ಲಿ ಕಳಿಸಬೇಕು. ತಲುಪಿದ ಸ್ವೀಕೃತಿ ಪತ್ರ ಕೈಗೆ ಬರುವ ತನಕ ಆ ಮೂಲ ನಿಮ್ಮ ಲೆಕ್ಕದಲ್ಲೇ ಇದೆ.

ಮಾಲಿಬ್ಡಿನಂ-ಟೆಕ್ನೀಷಿಯಂ ಜನರೇಟರಿನಲ್ಲಿ ಮಾಲಿಬ್ಡಿನಂನ ಅರ್ಧಾಯು 66 ಗಂಟೆ. ತಿಂಗಳುಗಟ್ಟಲೆ ಇಟ್ಟು ಅಳೆಯಬಹುದು ಅಥವಾ ಪೂರೈಕೆದಾರರಿಗೆ ಮರಳಿಸಬಹುದು. ಅದರೊಳಗಿನ ಸೀಸದ ಕವಚವನ್ನು ಗುಜರಿಗೆ ಹಾಕುವ ಆಸೆ ಎಲ್ಲರಿಗೂ ಬರುತ್ತದೆ. ಕವಚವನ್ನೂ ಒಳಗಿನ ಕಾಲಮ್ಮನ್ನೂ ಬೇರೆ ಬೇರೆಯಾಗಿ ಅಳೆಯದೆ ಬೇಡ. ಗುಜರಿಗೆ ಹೋದ ಮೂಲ ಏನು ಮಾಡಬಲ್ಲದು ಎಂಬುದಕ್ಕೆ ದೆಹಲಿಯ ಮಾಯಾಪುರಿ ಸಾಕ್ಷಿ. ದೆಹಲಿ ವಿಶ್ವವಿದ್ಯಾಲಯದಲ್ಲಿ 1985ರಿಂದ ಬಳಕೆಯಲ್ಲಿಲ್ಲದೆ ಬಿದ್ದಿದ್ದ ಕೋಬಾಲ್ಟ್-60 ಯಂತ್ರವೊಂದು 2010ರಲ್ಲಿ ಹರಾಜಾಗಿ ಗುಜರಿ ಅಂಗಡಿ ಸೇರಿತು. ಅದನ್ನು ಬಿಚ್ಚಿದವರಿಗೆ ಒಳಗೇನಿದೆ ಎಂದು ಗೊತ್ತಿರಲಿಲ್ಲ; ಹಲವರು ವಿಕಿರಣಕ್ಕೆ ತುತ್ತಾದರು, ಒಬ್ಬರು ಸತ್ತರು. ಬಳಕೆ ನಿಂತದ್ದು ಮತ್ತು ಹರಾಜಾದದ್ದರ ನಡುವಿನ ಕಾಲು ಶತಮಾನದಲ್ಲಿ ಆ ಯಂತ್ರವನ್ನು ಬಲ್ಲವರು ಹೊರಟುಹೋಗಿದ್ದರು.

ಆದ್ದರಿಂದ ಆರ್‌ಎಸ್‌ಒ ಕೆಲಸ ಬಿಡುವಾಗ ಹಸ್ತಾಂತರಕ್ಕೆ ರಿಜಿಸ್ಟರು ಕೊಟ್ಟರೆ ಸಾಲದು. ಹೊಸಬರ ಜೊತೆ ಕೋಣೆಗೆ ಹೋಗಿ ಪ್ರತಿ ಮೂಲವನ್ನು ಸೀರಿಯಲ್ ನಂಬರಿನೊಂದಿಗೆ ತಾಳೆ ನೋಡಿ, ಕಾಯುತ್ತಿರುವ ಚೀಲಗಳನ್ನು ಎಣಿಸಿ, ಮೂರೂ ಟ್ಯಾಂಕುಗಳ ಮಟ್ಟ ಮತ್ತು ಮುಚ್ಚಿದ ದಿನಾಂಕ ಬರೆದು ಇಬ್ಬರೂ ಸಹಿ ಹಾಕಿ. ಬದಲಾವಣೆಯನ್ನು ಇ-ಲೋರಾದಲ್ಲಿ ದಾಖಲಿಸಿ, ಹೊಸಬರ ನೇಮಕಕ್ಕೆ ಮಂಡಳಿಯ ಅನುಮೋದನೆ ಬರುವ ತನಕ ಕವಾಟದ ಬೀಗ ತೆಗೆಯಬೇಡಿ.